ಎಷ್ಟು ಬೇಸಿಗೆ ಕಂಡ ಮರ

ದೆಹಲಿಯ ಕೀರ್ತಿ ನಗರದಲ್ಲಿ ಮರ ಕೊಳ್ಳಲು ಬಂದವರು ಆಗೆಲ್ಲ ಮಾಲಿನ ವಯಸ್ಸು ಕೇಳುತ್ತಿದ್ದರು. ಈಗ ತೇವಾಂಶದ ಪರ್ಸೆಂಟ್ ಕೇಳುತ್ತಾರೆ. ವಯಸ್ಸು ಅಂದರೆ ಮರ ಕಾಡಿನಲ್ಲಿ ನಿಂತ ವರ್ಷಗಳಲ್ಲ. ದಿಮ್ಮಿ ಸೀಳಿ ಅಟ್ಟಿ ಕಟ್ಟಿದ ಮೇಲೆ ಅದು ಎಷ್ಟು ಬೇಸಿಗೆ ಕಂಡಿದೆ ಎಂಬ ಲೆಕ್ಕ. ಒಂದು ಬೇಸಿಗೆಯ ಮಾಲು ಅಗ್ಗ, ಎರಡು ಬೇಸಿಗೆಯದು ತುಟ್ಟಿ. ಮೂರು ಕಂಡಿದ್ದನ್ನು ಅಂಗಡಿಯ ಲಾಲಾಜಿ ಗುರುತಿನವರಿಗೆ ಮಾತ್ರ ಹಿಂದಿನ ಸಾಲಿನಿಂದ ತೆಗೆಸಿಕೊಡುತ್ತಿದ್ದರು. ಅದಕ್ಕೆ ರಸೀದಿ ಇಲ್ಲ, ಅಳತೆಗೋಲಿಲ್ಲ. ಲಾಲಾಜಿಯ ಮಾತು, ಕೊಳ್ಳುವವನ ಕೈ, ಇಷ್ಟೇ ಸಾಕ್ಷಿ.

ನಾನು ದೆಹಲಿಗೆ ಬಂದದ್ದು 1982ರಲ್ಲಿ, ಏಷ್ಯನ್ ಕ್ರೀಡಾಕೂಟಕ್ಕೆಂದು ಊರನ್ನೆಲ್ಲ ಅಗೆದುಹಾಕಿದ್ದ ಕಾಲದಲ್ಲಿ. ಕೇಂದ್ರ ಸರ್ಕಾರದ ಗುಮಾಸ್ತಗಿರಿ, ರಾಮಕೃಷ್ಣಪುರದಲ್ಲಿ ಕ್ವಾರ್ಟರ್ಸು. ತಾಯಿಯ ತವರು ಚನ್ನಪಟ್ಟಣ. ಬೇಸಿಗೆ ರಜೆಗಳನ್ನೆಲ್ಲ ಬೊಂಬೆ ಕಡೆಯುವವರ ಜಗಲಿಯ ಮೇಲೆ ಕಳೆದವನು ನಾನು. ಬೊಂಬೆ ಮಾಡುವ ಆಲೆ ಮರದ ಹಾಲಿನ ವಾಸನೆ, ಅರಗು ಬಿಸಿಯಾದಾಗ ಏಳುವ ಘಮ ಎರಡೂ ಮೂಗಿಗೆ ಅಂಟಿಕೊಂಡು ಬಂದಿದ್ದವು. ಹಾಗಾಗಿ ಭಾನುವಾರ ಉಳಿದ ಕನ್ನಡಿಗರು ಕರೋಲ್ ಬಾಗ್‌ನಲ್ಲಿ ಕಾಫಿಪುಡಿ ಹುಡುಕುತ್ತಿದ್ದರೆ, ನಾನು ಅಲ್ಲಿಂದ ಇನ್ನೂ ಪಶ್ಚಿಮಕ್ಕೆ ಹೋಗಿ ಮರದ ಅಟ್ಟಿಗಳ ನಡುವೆ ಅಡ್ಡಾಡುತ್ತಿದ್ದೆ. ಕೊಳ್ಳುವುದೇನೂ ಇರಲಿಲ್ಲ. ಗುಮಾಸ್ತನ ಸಂಬಳದಲ್ಲಿ ಮರದ ವಾಸನೆಯೊಂದೇ ಪುಕ್ಕಟೆ.

ಕೀರ್ತಿ ನಗರ ಆಗ ಈಗಿನಷ್ಟು ಸೋಫಾಮಯ ಆಗಿರಲಿಲ್ಲ. ಗಾಜಿನ ಷೋರೂಮುಗಳ ಸಾಲಿಗಿಂತ ಟಿಂಬರ್ ಮಾರ್ಕೆಟ್ಟಿನ ತಗಡಿನ ಮಾಡುಗಳೇ ಕಣ್ಣಿಗೆ ಮೊದಲು ಬೀಳುತ್ತಿದ್ದವು. ಹಿಮಾಲಯದ ಕಡೆಯ ದೇವದಾರು, ತರಾಯಿಯ ಸಾಲ, ಬಯಲಿನ ಶೀಶಮ್, ಮಧ್ಯ ಭಾರತದಿಂದ ಬರುತ್ತಿದ್ದ ಸಿ.ಪಿ. ತೇಗ. ಮರ ಕೊಯ್ಯುವ ಆರಾ ಮಶೀನು ಕಿರುಚುತ್ತಲೇ ಇರುತ್ತಿತ್ತು. ಸೀಳಿದ ಹಲಗೆಗಳನ್ನು ಒಂದರ ಮೇಲೊಂದು ಪೇರಿಸುವಾಗ ನಡುವೆ ಹೆಬ್ಬೆರಳ ದಪ್ಪದ ರೀಪುಗಳನ್ನು ಅಡ್ಡ ಇಡುತ್ತಿದ್ದರು, ಗಾಳಿ ಆಡಲೆಂದು. ಮೇಲಿನಿಂದ ಕೆಳಗಿನವರೆಗೆ ಎಲ್ಲ ರೀಪುಗಳೂ ಒಂದೇ ನೇರದಲ್ಲಿ ಇರಬೇಕು. ಒಂದು ಪಕ್ಕಕ್ಕೆ ಸರಿದರೂ ಆ ಜಾಗದಲ್ಲಿ ಹಲಗೆ ಜೋತುಬಿದ್ದು ಹಾಗೇ ಒಣಗುತ್ತದೆ, ಆಮೇಲೆ ಯಾವ ಉಜ್ಜುಗೊರಡೂ ಅದನ್ನು ನೇರ ಮಾಡಲಾರದು. ದಿಮ್ಮಿಗಳ ಎರಡೂ ತುದಿಗೆ ಸಗಣಿ ಬಳಿದಿರುತ್ತಿತ್ತು. ಮರದ ನೀರು ಬೇಗ ಹೊರಡುವುದು ಕೊಯ್ದ ತುದಿಗಳಿಂದ. ಮೈಯಿಂದ ಒಣಗುವುದಕ್ಕಿಂತ ಹತ್ತಾರು ಪಟ್ಟು ಬೇಗ ತುದಿ ಒಣಗಿ, ಅಲ್ಲಿಂದಲೇ ಸೀಳು ಹೊರಡುತ್ತದೆ. ಆ ಬಾಯಿ ಮುಚ್ಚುವುದಕ್ಕೆ ಸಗಣಿ.

ದೆಹಲಿಯ ಬೇಸಿಗೆ ಮರ ಒಣಗಿಸುವವನ ಪಾಲಿಗೆ ವರವೂ ಹೌದು, ಶಾಪವೂ ಹೌದು. ಮೇ ತಿಂಗಳಲ್ಲಿ ರಾಜಸ್ಥಾನದ ಕಡೆಯಿಂದ ಲೂ ಎಂಬ ಬಿಸಿಗಾಳಿ ಬೀಸಲು ಶುರುವಾದರೆ ತಾಪ ನಲವತ್ತು ದಾಟುತ್ತದೆ, ಮಧ್ಯಾಹ್ನ ಗಾಳಿಯ ತೇವ ಶೇ. 20ರ ಆಸುಪಾಸಿಗೆ ಇಳಿಯುತ್ತದೆ. ಹಸಿ ಹಲಗೆಯನ್ನು ಆ ಗಾಳಿಗೆ ಒಡ್ಡಿದರೆ ವಾರದಲ್ಲಿ ಮೈಮೇಲೆ ಕೂದಲೆಳೆಯಂಥ ಬಿರುಕುಗಳು. ಅದಕ್ಕೇ ಹಳೆಯ ವ್ಯಾಪಾರಿಗಳು ಅಟ್ಟಿಯ ಪಶ್ಚಿಮದ ಕಡೆ ಗೋಣಿತಟ್ಟು ಇಳಿಬಿಟ್ಟು ಗಾಳಿಯ ಮೊನೆ ಮುರಿಯುತ್ತಿದ್ದರು. ಜುಲೈಯಲ್ಲಿ ಮಳೆ ಬಂದರೆ ಅದೇ ಗೋಣಿ ತೆಗೆದು ಹಾಕುತ್ತಿದ್ದರು, ಇಲ್ಲದಿದ್ದರೆ ಬೂಷ್ಟು. ಒಂದೇ ಅಟ್ಟಿಗೆ ವರ್ಷದಲ್ಲಿ ಎರಡು ಬಗೆಯ ಆರೈಕೆ.

ಮಾರ್ಕೆಟ್ಟಿನ ಹಿಂದುಗಡೆ ಖರಾದಿಗಳ, ಅಂದರೆ ಲೇತಿನಲ್ಲಿ ಮರ ಕಡೆಯುವವರ, ಸಾಲು ಒಂದಿತ್ತು. ಮಂಚದ ಕಾಲು, ಚಾರ್ಪಾಯಿಯ ಕಾಲು, ಮೆಟ್ಟಿಲ ಕಟಾಂಜನದ ಗೂಟ, ಲಟ್ಟಣಿಗೆ, ಮಜ್ಜಿಗೆ ಕಡೆಯುವ ಕಡಗೋಲು ಇವೆಲ್ಲ ಅಲ್ಲಿ ಆಗುತ್ತಿದ್ದವು. ಅಷ್ಟು ಹೊತ್ತಿಗೆ ಕರೆಂಟಿನ ಮೋಟಾರು, ಬೆಲ್ಟು ಬಂದಿದ್ದವು. ಆದರೂ ವಯಸ್ಸಾದ ಉಸ್ತಾದರೊಬ್ಬರು ಮೂಲೆಯಲ್ಲಿ ಹಳೆಯ ಕಮಾನಿನ ಲೇತನ್ನು ಉಳಿಸಿಕೊಂಡಿದ್ದರು. ನೆಲದ ಮೇಲೆ ಕೂತು, ಬಲಗೈಯಲ್ಲಿ ಕಮಾನು ಹಿಂದೆ ಮುಂದೆ ಎಳೆಯುತ್ತ, ಎಡಗೈಯ ಉಳಿಯನ್ನು ಕಾಲಿನ ಹೆಬ್ಬೆರಳಿಗೆ ಆನಿಸಿ ಕಡೆಯುವುದು. ಚನ್ನಪಟ್ಟಣದಲ್ಲಿ ನಾನು ಚಿಕ್ಕಂದಿನಲ್ಲಿ ನೋಡಿದ್ದೂ ಅದೇ ಭಂಗಿ. ನನ್ನನ್ನು ಅವರ ಅಂಗಡಿಗೆ ಎಳೆದದ್ದೂ ಅದೇ.

ಅವರು ಮರದ ಪಸೆ ನೋಡುತ್ತಿದ್ದ ಬಗೆಗಳು ನನಗೆ ಈಗಲೂ ಬಾಯಿಪಾಠ. ತುಂಡನ್ನು ಕೆನ್ನೆಗೆ ಒತ್ತಿಕೊಳ್ಳುತ್ತಿದ್ದರು, ಹಸಿಯಾದದ್ದು ತಣ್ಣಗಿರುತ್ತದೆ. ಎರಡು ತುಂಡು ತಟ್ಟಿ ನೋಡುತ್ತಿದ್ದರು. ಒಣಗಿದ್ದು ಖಣಿ ಎನ್ನುತ್ತದೆ, ಹಸಿಯದು ದಬ್ ಎನ್ನುತ್ತದೆ. ಲೇತಿಗೇರಿಸಿ ಉಳಿ ತಾಗಿಸಿದಾಗ ಸಿಪ್ಪೆ ಉದ್ದನೆಯ ಸುರುಳಿಯಾಗಿ ಬಂದು ಕೈಗೆ ಅಂಟಿದರೆ ನೀರಿದೆ. ಮುರಿಮುರಿದು ಪುಡಿಯಾದರೆ ಒಣಗಿದೆ. ಕಡೆಯ ಪರೀಕ್ಷೆ ಅರಗಿನದು. ತಿರುಗುವ ಮರಕ್ಕೆ ಅರಗಿನ ಕಡ್ಡಿ ಒತ್ತಿದಾಗ ಉಜ್ಜುವ ಬಿಸಿಗೆ ಅರಗು ಕರಗಿ ಹತ್ತಿಕೊಳ್ಳಬೇಕು. ಒಳಗೆ ಪಸೆ ಇದ್ದರೆ ಅದು ಆವಿಯಾಗಿ ಮೇಲೆದ್ದು ಅರಗಿನಲ್ಲಿ ಸಣ್ಣ ಗುಳ್ಳೆ ಏಳುತ್ತದೆ, ನಾಲ್ಕು ದಿನಕ್ಕೆ ಬಣ್ಣ ಸಿಪ್ಪೆಯಾಗಿ ಏಳುತ್ತದೆ. ಇದನ್ನು ನಮ್ಮ ಬೊಂಬೆಯವರೂ ಹೇಳುತ್ತಿದ್ದರು. ಒಂದೂವರೆ ಸಾವಿರ ಮೈಲಿ ಆಚೀಚೆ, ಒಬ್ಬರ ಮುಖ ಒಬ್ಬರು ನೋಡದವರು, ಒಂದೇ ಪರೀಕ್ಷೆ.

"ಬಾಬೂಜಿ, ನೀವು ಆಫೀಸಿನಲ್ಲಿ ಕಾಗದ ಒಣಗಿಸುತ್ತೀರಿ, ನಾವು ಕಟ್ಟಿಗೆ ಒಣಗಿಸುತ್ತೇವೆ" ಎಂದು ಉಸ್ತಾದರು ನನ್ನನ್ನು ಕೆಣಕುತ್ತಿದ್ದರು. ಫೈಲುಗಳ ವಿಷಯದಲ್ಲಿ ಅದು ತೀರಾ ಸುಳ್ಳೂ ಅಲ್ಲ.

ಅವರ ಕೆಲಸದ ಪಂಚಾಂಗ ಹೀಗಿತ್ತು. ಚಳಿಗಾಲದಲ್ಲಿ ಶೀಶಮ್ ಕೊಳ್ಳುವುದು. ಹೋಳಿಗೆ ಮೊದಲು ಕಾಲುಗಳನ್ನೆಲ್ಲ ಒರಟಾಗಿ, ಬೇಕಾದ್ದಕ್ಕಿಂತ ಅರ್ಧ ಇಂಚು ದಪ್ಪ ಬಿಟ್ಟು ಕಡೆದುಬಿಡುವುದು. ಲೂ ಕಾಲದಲ್ಲಿ ತಗಡಿನ ಮಾಡಿನ ಕೆಳಗೆ, ನೆರಳಿನಲ್ಲಿ ಅವನ್ನು ಪೇರಿಸುವುದು. ಮಳೆಗಾಲದಲ್ಲಿ ಮುಟ್ಟುವಂತಿಲ್ಲ. ಮಳೆ ನಿಂತು, ದಸರೆ ಕಳೆದ ಮೇಲೆ ಮತ್ತೆ ಲೇತಿಗೇರಿಸಿ ಕೊನೆಯ ಅಳತೆಗೆ ತರುವುದು. ಆಗ ಮದುವೆಯ ಕಾಲ ಶುರು, ಮಂಚಕ್ಕೆ ಗಿರಾಕಿ. ಒರಟಾಗಿ ಕಡೆದಿಟ್ಟ ಕಾಲು ಆ ಆರೇಳು ತಿಂಗಳಲ್ಲಿ ಬಾಗುವಷ್ಟು ಬಾಗಿ, ಅಂಡಾಕಾರ ಆಗುವಷ್ಟು ಆಗಿ, ತನ್ನ ಆಟವನ್ನೆಲ್ಲ ಮುಗಿಸಿಕೊಂಡಿರುತ್ತದೆ. ಎರಡನೆಯ ಸಲ ಕಡೆದದ್ದು ಆಮೇಲೆ ಅಷ್ಟಾಗಿ ಕದಲುವುದಿಲ್ಲ. ಇವತ್ತು ಅಮೆರಿಕದ, ಇಂಗ್ಲೆಂಡಿನ ಮರದ ಬಟ್ಟಲು ಕಡೆಯುವವರೂ ಹೀಗೇ ಎರಡು ಕಂತಿನಲ್ಲಿ ಮಾಡುತ್ತಾರೆ. ಬಟ್ಟಲಿನ ಅಗಲದ ಹತ್ತನೆಯ ಒಂದು ಪಾಲು ದಪ್ಪ ಬಿಟ್ಟು ಒರಟಾಗಿ ಕಡೆದು, ಕಾಗದದ ಚೀಲದಲ್ಲಿ ಅದರದೇ ಸಿಪ್ಪೆಯೊಂದಿಗೆ ಕಟ್ಟಿಡುತ್ತಾರೆ. ಉಸ್ತಾದರ ಬಳಿ ಕಾಗದದ ಚೀಲವಿರಲಿಲ್ಲ, ಸಿಪ್ಪೆಯ ಗುಡ್ಡೆ ಇತ್ತು. ಕಾಲುಗಳನ್ನು ಅದರೊಳಗೆ ಹೂಳುತ್ತಿದ್ದರು.

ಇದರ ಹಿಂದಿನ ಕಾರಣ ನನಗೆ ತಿಳಿದದ್ದು ಬಹಳ ತಡವಾಗಿ, ಪುಸ್ತಕಗಳಿಂದ. ಮರದಲ್ಲಿ ನೀರು ಎರಡು ಕಡೆ ಇರುತ್ತದೆ: ಜೀವಕೋಶಗಳ ಪೊಳ್ಳಿನಲ್ಲಿ ತುಂಬಿಕೊಂಡದ್ದು, ಕೋಶದ ಗೋಡೆಯೊಳಗೇ ಹೀರಿಕೊಂಡದ್ದು. ಬಟ್ಟೆ ಹಿಂಡಿದರೆ ನೀರು ಸುರಿದುಹೋಗಿಯೂ ನೂಲಿನಲ್ಲಿ ಪಸೆ ಉಳಿಯುತ್ತದಲ್ಲ, ಹಾಗೆ. ಪೊಳ್ಳಿನ ನೀರು ಹೋಗುವವರೆಗೆ ಮರ ಹಗುರಾಗುತ್ತದೆ, ಕುಗ್ಗುವುದಿಲ್ಲ. ತೇವಾಂಶ ಶೇ. 28-30ಕ್ಕೆ ಬಂದಾಗ ಗೋಡೆಯ ನೀರು ಹೊರಡಲು ಶುರುವಾಗುತ್ತದೆ. ಕುಗ್ಗುವುದು, ಸೊಟ್ಟಗಾಗುವುದು, ಸೀಳುವುದು ಎಲ್ಲವೂ ಅಲ್ಲಿಂದ ಕೆಳಗೆ. ಈ ಶೇಕಡಾವನ್ನು ಒಣಮರದ ತೂಕದ ಮೇಲೆ ಲೆಕ್ಕ ಹಾಕುತ್ತಾರೆ. 150 ಗ್ರಾಮಿನ ತುಂಡನ್ನು 103 ಡಿಗ್ರಿ ಒಲೆಯಲ್ಲಿಟ್ಟು ಪೂರ್ತಿ ಒಣಗಿಸಿದಾಗ 100 ಗ್ರಾಮ್ ಉಳಿದರೆ ತೇವಾಂಶ ಶೇ. 50. ಹಾಗಾಗಿ ಆಗತಾನೆ ಕಡಿದ ಕೆಲವು ಮರಗಳಲ್ಲಿ ಅದು ನೂರನ್ನೂ ಮೀರುತ್ತದೆ. ಇನ್ನೊಂದು ತೊಡಕೂ ಇದೆ. ವಾರ್ಷಿಕ ಉಂಗುರದ ಗುಂಟ ಮರ ಕುಗ್ಗುವುದು, ತಿರುಳಿನಿಂದ ತೊಗಟೆಯ ಕಡೆಗೆ ಕುಗ್ಗುವುದರ ಸುಮಾರು ಎರಡರಷ್ಟು. ಹಸಿಯಲ್ಲಿ ಎಷ್ಟೇ ದುಂಡಗೆ ಕಡೆದರೂ ಒಣಗಿದ ಮೇಲೆ ಅದು ದುಂಡಗಿರುವುದಿಲ್ಲ.

ಆದರೆ ಪುಸ್ತಕದಲ್ಲಿ ಒತ್ತಿ ಹೇಳದ, ಕೀರ್ತಿ ನಗರದಲ್ಲಿ ಎಲ್ಲರಿಗೂ ಗೊತ್ತಿದ್ದ ಒಂದು ಸಂಗತಿ ಬೇರೆ. ಒಣಗುವುದು ಅನ್ನುವುದಕ್ಕೆ ಕೊನೆ ಇಲ್ಲ. ಮರ ತನ್ನ ಸುತ್ತಲಿನ ಗಾಳಿಗೆ ತಕ್ಕಂತೆ ನೀರು ಬಿಡುತ್ತದೆ, ಮತ್ತೆ ಕುಡಿಯುತ್ತದೆ. ಲೂ ಬೀಸುವಾಗಿನ ದೆಹಲಿಯ ಗಾಳಿಗೆ ಮರ ಪೂರ್ತಿ ಹೊಂದಿಕೊಂಡರೆ ಲೆಕ್ಕದ ಪ್ರಕಾರ ತೇವಾಂಶ ಐದಾರಕ್ಕೆ ಇಳಿಯಬೇಕು. ಆಗಸ್ಟಿನ ಗಾಳಿಗೆ ಹೊಂದಿಕೊಂಡರೆ ಹದಿನಾಲ್ಕು ಹದಿನೈದಕ್ಕೆ ಏರಬೇಕು. ದಪ್ಪ ತುಂಡು ನಿಧಾನವಾಗಿ ಬದಲಾಗುವುದರಿಂದ ಆ ತುದಿ ಈ ತುದಿ ಮುಟ್ಟುವುದಿಲ್ಲ, ಆದರೆ ತೂಗಾಟ ತಪ್ಪಿದ್ದಲ್ಲ. ಬೆಂಗಳೂರು, ಚನ್ನಪಟ್ಟಣದ ಕಡೆ ಬೇಸಿಗೆ ಅಷ್ಟು ಕೆಳಗೆ ಎಳೆಯುವುದಿಲ್ಲ. ಭಾರತೀಯ ಮಾನಕ ಸಂಸ್ಥೆಯ ಐಎಸ್ 287 ದೇಶವನ್ನು ಗಾಳಿಯ ತೇವದ ಮೇಲೆ ನಾಲ್ಕು ವಲಯಗಳಾಗಿ ಹಂಚಿ, ಯಾವ ವಲಯದಲ್ಲಿ ಯಾವ ಕೆಲಸಕ್ಕೆ ಎಷ್ಟು ತೇವಾಂಶದ ಮರ ಇರಬೇಕು ಎಂದು ಹೇಳುತ್ತದೆ. ಒಳ್ಳೆಯ ದಸ್ತಾವೇಜು. ಅದನ್ನು ಓದಿದ ಒಬ್ಬ ಬಡಗಿಯನ್ನೂ ನಾನು ಕಂಡಿಲ್ಲ; ಅದರ ಪ್ರಕಾರ ನಡೆದುಕೊಳ್ಳುವ ಎಷ್ಟೋ ಮಂದಿಯನ್ನು ಕಂಡಿದ್ದೇನೆ.

ಮೊದಲ ದೊಡ್ಡ ಬದಲಾವಣೆ ಮಾರ್ಕೆಟ್ಟಿನಲ್ಲಿ ಆಗಲಿಲ್ಲ, ಮನೆಗಳೊಳಗೆ ಆಯಿತು. ಎಂಬತ್ತರ ದಶಕದಲ್ಲಿ ನಮ್ಮಂಥವರ ಕ್ವಾರ್ಟರ್ಸುಗಳಲ್ಲಿ ಬೇಸಿಗೆ ಅಂದರೆ ಕಿಟಕಿಗೆ ಕೂರಿಸಿದ ಡೆಸರ್ಟ್ ಕೂಲರು. ತಗಡಿನ ಪೆಟ್ಟಿಗೆ, ಮೂರು ಕಡೆ ಮರದ ಎಳೆಯ ಹುಲ್ಲು ತುಂಬಿದ ಜಾಲರಿ, ಅದರ ಮೇಲೆ ತೊಟ್ಟಿಕ್ಕುವ ನೀರು. ಹೊರಗೆ ಸುಡುಗಾಳಿ, ಒಳಗೆ ಒದ್ದೆ ಗಾಳಿ. ಜೂನಿನಲ್ಲಿ ನಮ್ಮ ಮನೆಯ ಮೇಜಿನ ಡ್ರಾಯರು ಮಳೆಗಾಲದಲ್ಲಿ ಸಿಕ್ಕಿಕೊಳ್ಳುವ ಹಾಗೆ ಸಿಕ್ಕಿಕೊಳ್ಳುತ್ತಿತ್ತು. ಹಾಗಾಗಿ ದೆಹಲಿಯ ಮನೆಯೊಳಗಿನ ಮರ ಲೂ ಕಾಲದ ಒಣಹವೆಯನ್ನು ನಿಜವಾಗಿ ಕಾಣುತ್ತಲೇ ಇರಲಿಲ್ಲ. ತೊಂಬತ್ತರ ದಶಕದ ನಂತರ ಏಸಿ ಬಂತು. ಅದು ಕೋಣೆಯ ನೀರನ್ನು ಹೀರಿ ಹೊರಗೆ ಹಾಕುತ್ತದೆ. ಚಳಿಗಾಲಕ್ಕೆ ಹೀಟರು, ಬ್ಲೋವರು. ಕೂಲರಿನ ಮನೆಗೆ ಹೊಂದಿಕೊಂಡಿದ್ದ ಮಂಚಗಳು ಏಸಿ ಹಾಕಿಸಿದ ವರ್ಷವೇ ಕೀಲು ಬಿಟ್ಟವು. ಜನ ಬಡಗಿಯನ್ನು ಬೈದರು. ಬಡಗಿ ಮರದ ವ್ಯಾಪಾರಿಯನ್ನು ಬೈದ. ಏಸಿಯನ್ನು ಯಾರೂ ಬೈಯಲಿಲ್ಲ.

ಇನ್ನೊಂದು ಕಡೆ ಮರವೇ ಕಡಿಮೆಯಾಗತೊಡಗಿತು. 1994ರಲ್ಲಿ ದೆಹಲಿಯಲ್ಲಿ ಮರ ಸಂರಕ್ಷಣೆಯ ಕಾಯಿದೆ ಬಂತು. ಅಂಗಳದ ಮರ ಕಡಿಯಲೂ ಅನುಮತಿ ಬೇಕಾಯಿತು. 1996ರ ಡಿಸೆಂಬರ್ 12ರಂದು ಗೋದಾವರ್ಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಕೊಟ್ಟ ಆದೇಶದಿಂದ ದೇಶದಾದ್ಯಂತ ಕಾಡಿನ ಕಟಾವು ಬಿಗಿಯಾಯಿತು, ಪರವಾನಗಿಯಿಲ್ಲದ ಸಾಮಿಲ್ಲುಗಳು ಮುಚ್ಚಿದವು. ಅದು ಆಗಬೇಕಿದ್ದ ಕೆಲಸ, ಅದರಲ್ಲಿ ನನಗೆ ಎರಡು ಮಾತಿಲ್ಲ. ಆದರೆ ಅಟ್ಟಿಗಳ ಹಿಂದಿನ ಸಾಲು ಖಾಲಿಯಾದದ್ದು ಆಗಲೇ. ಮೂರು ಬೇಸಿಗೆಯ ಮಾಲು ಇಟ್ಟುಕೊಳ್ಳಬೇಕಾದರೆ ಮುಂದಿನ ವರ್ಷವೂ ಮರ ಬರುತ್ತದೆ ಎಂಬ ಧೈರ್ಯ ಬೇಕು.

ಅದೇ ಹೊತ್ತಿಗೆ ಉತ್ತರ ಭಾರತದ ಬಯಲಿನಲ್ಲಿ ಶೀಶಮ್ ಸಾಯತೊಡಗಿತು. ಕಾಲುವೆಯ ದಂಡೆ, ರಸ್ತೆಯ ಬದಿಗಳಲ್ಲಿ ಸಾಲುಸಾಲು ಮರಗಳು ನಿಂತಲ್ಲೇ ಎಲೆಯುದುರಿಸಿ ಒಣಗಿದವು. ಬೇರಿಗೆ ಹತ್ತುವ ಶಿಲೀಂಧ್ರ ರೋಗವೆಂದರು, ಅಂತರ್ಜಲದ ಏರಿಳಿತವೆಂದರು. ಆ ಸತ್ತ ಮರಗಳು ಮಾರ್ಕೆಟ್ಟಿಗೆ ಬಂದವು, "ನಿಂತೇ ಒಣಗಿದ ಮಾಲು, ಒಣಗಿಸುವ ಗೊಡವೆಯಿಲ್ಲ" ಎಂಬ ಶಿಫಾರಸಿನೊಂದಿಗೆ. ಉಸ್ತಾದರು ಒಂದು ತುಂಡು ಅಡ್ಡ ಕೊಯ್ಸಿ ತೋರಿಸಿದರು. ಹೊರಗಿನ ಬಿಳಿಯ ಭಾಗಕ್ಕೆ ಕುಟ್ಟೆ ಹುಳು ಹತ್ತಿ ಹಿಟ್ಟು ಉದುರುತ್ತಿತ್ತು, ಒಳಗಿನ ಕಪ್ಪು ಚೇಗು ಇನ್ನೂ ತಣ್ಣಗಿತ್ತು. ಮರ ಸತ್ತ ಮಾತ್ರಕ್ಕೆ ಒಣಗಿರುವುದಿಲ್ಲ. ಆ ದಪ್ಪದ ದಿಮ್ಮಿಯ ಹೊಟ್ಟೆಯಿಂದ ನೀರು ಹೊರಗೆ ಬರಲು ವರ್ಷಗಳು ಬೇಕು. ಇಂಚು ದಪ್ಪಕ್ಕೆ ಒಂದು ವರ್ಷ ಎಂಬ ಹಳೆಯ ಲೆಕ್ಕ ಸೀಳಿದ ಹಲಗೆಗಷ್ಟೇ.

ಆಮೇಲೆ ಕಂಟೇನರುಗಳ ಕಾಲ. ಮಲೇಷ್ಯಾದ ಮೆರಾಂಟಿ, ಬರ್ಮಾದ ತೇಗ, ಆಫ್ರಿಕದ ಹೆಸರು ಹಿಡಿಯಲಾಗದ ಕೆಂಪು ಮರಗಳು, ನ್ಯೂಜಿಲೆಂಡಿನ ಪೈನ್. ಹೆಚ್ಚಿನದು ಗುಜರಾತಿನ ಕಾಂಡ್ಲಾ ಬಂದರಿನಲ್ಲಿಳಿದು ಲಾರಿಯಲ್ಲಿ ಬರುತ್ತಿತ್ತು. 2014ರಲ್ಲಿ ಮ್ಯಾನ್ಮಾರ್ ದಿಮ್ಮಿ ರಫ್ತು ನಿಲ್ಲಿಸಿದಾಗ ಕೀರ್ತಿ ನಗರದಲ್ಲಿ ತಿಂಗಳುಗಟ್ಟಲೆ ಅದೇ ಮಾತು. ಇದರ ನಡುವೆ ಜಾಗದ ಬೆಲೆ ಏರಿತು. ಮರ ಮಲಗಿರುವ ಚದರಡಿಗೆ ಬಾಡಿಗೆ ಲೆಕ್ಕ ಹಾಕಿದರೆ, ಎರಡು ಬೇಸಿಗೆ ಕಾಯಿಸುವುದಕ್ಕಿಂತ ಅದೇ ಜಾಗದಲ್ಲಿ ಸೋಫಾ ಷೋರೂಮು ಮಾಡುವುದು ಲಾಭ. ಲಾಲಾಜಿಗಳ ಮಕ್ಕಳು ಲೆಕ್ಕ ಬಲ್ಲವರು.

ಹೀಗೆ ಕಾಯುವ ಕೆಲಸ ಬಿಸಿ ಕೋಣೆಯಲ್ಲಿ ಮರ ಒಣಗಿಸುವ ಸೀಸನಿಂಗ್ ಪ್ಲಾಂಟಿನ ಪಾಲಿಗೆ ಬಂತು. ಇದು ಭಾರತಕ್ಕೆ ಹೊಸದೇನಲ್ಲ. 1906ರಲ್ಲಿ ಹುಟ್ಟಿದ ಡೆಹ್ರಾಡೂನಿನ ಅರಣ್ಯ ಸಂಶೋಧನಾ ಸಂಸ್ಥೆ ಬ್ರಿಟಿಷರ ಕಾಲದಲ್ಲೇ ನಮ್ಮ ಮರಗಳನ್ನು ಕುಲುಮೆಯಲ್ಲಿ ಒಣಗಿಸುವ ಪ್ರಯೋಗಗಳನ್ನು ನಡೆಸಿತ್ತು, ಆಮೇಲೆ ಬಿಸಿಲಿನಿಂದಲೇ ನಡೆಯುವ ಕುಲುಮೆಯನ್ನೂ ರೂಪಿಸಿತು. ನಮ್ಮ ಮಲ್ಲೇಶ್ವರದ ಮರ ವಿಜ್ಞಾನ ಸಂಸ್ಥೆಯ ಬೇರು 1938ರ ಅರಣ್ಯ ಪ್ರಯೋಗಾಲಯದಲ್ಲಿದೆ. ಆದರೆ ಗಲ್ಲಿಯ ಖರಾದಿಗೆ ಕುಲುಮೆಯ ಮರ ಕೈಗೆ ಸಿಕ್ಕಿದ್ದು 2000ದ ಆಚೆಗೆ, ನೋಯ್ಡಾ, ಗಾಜಿಯಾಬಾದ್, ಬಹಾದೂರ್‌ಗಢ ಕಡೆಗಳಲ್ಲಿ ಸಣ್ಣ ಸಣ್ಣ ಚೇಂಬರುಗಳು ಎದ್ದ ಮೇಲೆ. ದೊಡ್ಡ ಕೋಣೆ, ಫ್ಯಾನು, ಬಾಯ್ಲರಿನ ಬಿಸಿ ಕೊಳವೆ, ಬೇಕಾದಾಗ ಹಬೆ ಚಿಮ್ಮಿಸುವ ತೂತುಗಳು. ವರ್ಷದ ಕೆಲಸ ಎರಡು ಮೂರು ವಾರದಲ್ಲಿ ಮುಗಿಯುತ್ತದೆ, ನೆಟ್ಟಗೆ ನಡೆಸಿದರೆ.

ನೆಟ್ಟಗೆ ನಡೆಸದಿದ್ದರೆ ಏನಾಗುತ್ತದೆ ಎನ್ನುವುದು ಬಡಗಿಗಿಂತ ಮೊದಲು ಖರಾದಿಗೆ ತಿಳಿಯಿತು. ಅವಸರದಲ್ಲಿ ಬಿಸಿ ಏರಿಸಿದರೆ ಹಲಗೆಯ ಹೊರಮೈ ಬೇಗ ಒಣಗಿ, ಕುಗ್ಗಲು ಎಳೆದು, ಎಳೆದ ಸ್ಥಿತಿಯಲ್ಲೇ ಗಟ್ಟಿಯಾಗಿಬಿಡುತ್ತದೆ. ಒಳಗಿನದು ನಿಧಾನವಾಗಿ ಒಣಗಿ ತಾನೂ ಕುಗ್ಗಲು ನೋಡಿದರೆ ಹೊರಗಿನ ಗಟ್ಟಿ ಪದರ ಬಿಡುವುದಿಲ್ಲ. ಹೊರಗೂ ಒಳಗೂ ಜಗ್ಗಾಟ. ಹಲಗೆಯಾಗಿಯೇ ಇರುವವರೆಗೆ ಎರಡೂ ಒಂದನ್ನೊಂದು ಹಿಡಿದುಕೊಂಡು ನೇರವಾಗೇ ಕಾಣುತ್ತದೆ. ಬಡಗಿ ಮೇಲುಮೇಲೆ ಉಜ್ಜಿ ಮೇಜು ಮಾಡುತ್ತಾನೆ, ಅಷ್ಟಾಗಿ ತೊಂದರೆಯಿಲ್ಲ. ಖರಾದಿ ಆ ಹೊರಪದರವನ್ನೇ ಕಡೆದು ಹಾಕುವವನು. ಮಂಚದ ಕಾಲಿನ ಕತ್ತು ಸಣ್ಣಗೆ ಮಾಡಿದ ರಾತ್ರಿಯೇ ಅದು ಬಿಲ್ಲಾಗುತ್ತದೆ. ಹೀಗಾಗದಿರಲು ಕೊನೆಯಲ್ಲಿ ಕೋಣೆಗೆ ಹಬೆ ಬಿಟ್ಟು ಹೊರಮೈಯನ್ನು ಮತ್ತೆ ಸಡಿಲಿಸಬೇಕು. ಅದಕ್ಕೆ ಒಂದು ದಿನ ಹೆಚ್ಚು ಬೇಕು, ಇಂಧನ ಬೇಕು. ಆ ಒಂದು ದಿನವನ್ನು ಉಳಿಸುವವರೇ ಹೆಚ್ಚು. ಉಸ್ತಾದರ ಮಗ ಆಗ ಅಂಗಡಿ ನೋಡಿಕೊಳ್ಳುತ್ತಿದ್ದ. ಒಂದು ಪ್ಲಾಂಟಿನಿಂದ ತಂದ ಮಾಲಿನಲ್ಲಿ ಅರ್ಧಕ್ಕರ್ಧ ಕಾಲುಗಳು ಹೀಗೆ ಬಾಗಿದ್ದನ್ನು ಅಂಗಡಿಯ ಮುಂದೆ ಸಾಲಾಗಿ ನಿಲ್ಲಿಸಿದ್ದ, ಬೈಗುಳದ ಬದಲಿಗೆ.

ತೇವಾಂಶ ಅಳೆಯುವ ಮೀಟರು ಬಂದದ್ದೂ ಆಗಲೇ. ಎರಡು ಸೂಜಿಯ ಪುಟ್ಟ ಡಬ್ಬಿ. ಮರಕ್ಕೆ ಚುಚ್ಚಿದರೆ ಸೂಜಿಗಳ ನಡುವೆ ವಿದ್ಯುತ್ತು ಹರಿಯುವುದನ್ನು ಅಳೆದು ಅಂಕಿ ತೋರಿಸುತ್ತದೆ. ಅದನ್ನು ದೇವರ ವಾಕ್ಯವೆಂದು ನಂಬುವವರನ್ನು ಕಂಡರೆ ನನಗೆ ಕನಿಕರ. ಸೂಜಿ ಇಳಿಯುವುದು ಕಾಲಿಂಚು. ಅದರಾಚೆಯ ಹೊಟ್ಟೆಯ ಸುದ್ದಿ ಅದಕ್ಕೆ ಗೊತ್ತಿಲ್ಲ. ಅದರ ಅಂಕಿ ಸಾಮಾನ್ಯವಾಗಿ ಅಮೆರಿಕದ ಡಗ್ಲಸ್ ಫರ್ ಮರಕ್ಕೆ ಹೊಂದಿಸಿದ್ದು. ಶೀಶಮ್ಮಿಗೆ, ಮಾವಿಗೆ ತಿದ್ದಿಕೊಳ್ಳಬೇಕು. ಮೇ ತಿಂಗಳ ಮಧ್ಯಾಹ್ನ ಬಿಸಿಯಾದ ಹಲಗೆಗೆ ಚುಚ್ಚಿದರೆ ಇರುವುದಕ್ಕಿಂತ ಹೆಚ್ಚು ತೋರಿಸುತ್ತದೆ. ತೇವಾಂಶ ಆರರ ಕೆಳಗಿಳಿದರೆ ಅದರ ಮಾತು ನಂಬುವಂತಿಲ್ಲ. ಆದರೂ ಮೀಟರು ಒಂದು ಒಳ್ಳೆಯ ಕೆಲಸ ಮಾಡಿತು: ಲಾಲಾಜಿಯ ಬಾಯಿಮಾತನ್ನು ಪ್ರಶ್ನಿಸುವ ಧೈರ್ಯವನ್ನು ಬಡ ಖರಾದಿಗೆ ಕೊಟ್ಟಿತು. ಎರಡು ಬೇಸಿಗೆ ಎಂದು ಒಂದೇ ಬೇಸಿಗೆಯದನ್ನು ದಾಟಿಸುವುದು ಆ ಕಾಲದಲ್ಲೂ ಇತ್ತು. ಹಳೆಯದೆಲ್ಲ ಸತ್ಯಯುಗವಾಗಿರಲಿಲ್ಲ.

ಪಸೆಯ ಲೆಕ್ಕ ತಪ್ಪಿದರೆ ನಡೆಯದ ಇನ್ನೊಂದು ಕಡೆತದ ಕೆಲಸ ನೋಡಲು ಮೀರತ್ತಿಗೂ ಹೋಗಿದ್ದೆ. ಅದು ಈಗ ರಾಜಧಾನಿ ವಲಯದೊಳಗೇ ಬರುತ್ತದೆ. 1947ರ ವಿಭಜನೆಯಲ್ಲಿ ಸಿಯಾಲ್‌ಕೋಟಿನಿಂದ ಓಡಿಬಂದ ಕುಟುಂಬಗಳು ಕ್ರಿಕೆಟ್ ಬ್ಯಾಟಿನ ಕಸುಬನ್ನು ಅಲ್ಲಿ ನೆಲೆಗೊಳಿಸಿದವು. ಬ್ಯಾಟು ಎಲ್ಲರಿಗೂ ಗೊತ್ತು. ನಾನು ನೋಡಲು ಹೋದದ್ದು ಸ್ಟಂಪು ಕಡೆಯುವುದನ್ನು. ಕ್ರಿಕೆಟ್ಟಿನ ನಿಯಮದಲ್ಲಿ ಸ್ಟಂಪಿನ ವ್ಯಾಸ 1.38ರಿಂದ 1.5 ಇಂಚಿನೊಳಗೆ ಇರಬೇಕು. ಪಸೆಯಿರುವ ಮರದಲ್ಲಿ ಅಂಚಿನ ಅಳತೆಗೆ ಕಡೆದರೆ ಬೇಸಿಗೆಯ ಪಂದ್ಯಕ್ಕೆ ಅದು ಕಾನೂನುಬಾಹಿರ. ವಿಲಾಯತಿ ವಿಲ್ಲೋ ತುಂಡುಗಳ ತುದಿಗೆ ಮೇಣ ಅದ್ದಿರುವುದನ್ನು ನಾನು ಮೊದಲು ನೋಡಿದ್ದೂ ಅಲ್ಲಿಯೇ. ಕೀರ್ತಿ ನಗರದ ಸಗಣಿಯ ಶ್ರೀಮಂತ ಬಂಧು. ಅಲ್ಲಿನ ಕ್ರೀಡಾ ಸಾಮಗ್ರಿಯ ಕಾಲೊನಿಯ ಹೆಸರು ಸೂರಜ್‌ಕುಂಡ್. ಫರೀದಾಬಾದಿನ ಕರಕುಶಲ ಮೇಳದ ಸೂರಜ್‌ಕುಂಡವೇ ಬೇರೆ. ಆಟೋದವನಿಗೆ ಸರಿಯಾಗಿ ಹೇಳದಿದ್ದರೆ ಕಷ್ಟ.

ಆ ಮೇಳ 1987ರಲ್ಲಿ ಶುರುವಾಯಿತು, ಐಎನ್‌ಎ ಮಾರ್ಕೆಟ್ಟಿನ ಎದುರಿನ ಕರಕುಶಲ ಮಳಿಗೆಗಳ ದಿಲ್ಲಿ ಹಾಟ್ 1994ರಲ್ಲಿ. ಇವೆರಡರಿಂದಾಗಿ ಚನ್ನಪಟ್ಟಣ ದೆಹಲಿಗೆ ಬರುವಂತಾಯಿತು. 2010ರ ನವೆಂಬರಿನಲ್ಲಿ ಮಿಷೆಲ್ ಒಬಾಮಾ ಪ್ರಗತಿ ಮೈದಾನದ ಕರಕುಶಲ ವಸ್ತುಸಂಗ್ರಹಾಲಯದಲ್ಲಿ ಚನ್ನಪಟ್ಟಣದ ಆಟಿಕೆ ಕೊಂಡ ಸುದ್ದಿ ಬಂದ ಮೇಲೆ ಮಳಿಗೆಗಳ ಮುಂದೆ ಜನ ಹೆಚ್ಚಿದರು. ನಾನಂತೂ ಅದಕ್ಕೆ ಬಹಳ ಮೊದಲಿನಿಂದಲೂ ಆ ಮಳಿಗೆಗಳಿಗೆ ಹೋಗಿ ಸ್ಟೂಲಿನ ಮೇಲೆ ಕೂರುವವನು. ಕನ್ನಡ ಮಾತಾಡಬಹುದು, ಗಿರಾಕಿಗೆ ಹಿಂದಿಯಲ್ಲಿ ನಾಲ್ಕು ಮಾತು ಹೇಳಿಕೊಡಬಹುದು.

ದೆಹಲಿಯ ಹವೆ ನಮ್ಮವರಿಗೆ ಕೊಟ್ಟ ಪಾಠ ಮುಚ್ಚಳದ ಡಬ್ಬಿಗಳಲ್ಲಿ ಕಾಣಿಸಿತು. ಕುಂಕುಮದ ಭರಣಿ, ಉಂಗುರದ ಡಬ್ಬಿ ಇವುಗಳ ಮುಚ್ಚಳ ಚನ್ನಪಟ್ಟಣದಲ್ಲಿ ಕೂರಿಸುವಾಗ ಬಿಗಿಯಾಗಿ, ತೆಗೆದಾಗ ಟಪ್ ಎನ್ನುವ ಹಾಗೆ ಕೂರಿಸುವುದೇ ಹೆಚ್ಚುಗಾರಿಕೆ. ಏಪ್ರಿಲ್ ಕೊನೆಗೆ ಮಳಿಗೆ ಸಿಕ್ಕಿದವರ ಡಬ್ಬಿಗಳ ಮುಚ್ಚಳಗಳು ವಾರದಲ್ಲಿ ಗಡಗಡ ಅನ್ನುತ್ತಿದ್ದವು. ಕೆಲವು ಡಬ್ಬಿಗಳ ಬಾಯಿ ಅಂಡಾಕಾರವಾಗಿ ಮುಚ್ಚಳ ಒಂದು ದಿಕ್ಕಿಗೆ ಮಾತ್ರ ಕೂರುತ್ತಿತ್ತು. ಆಲೆ ಮರ ನಯವಾದ ಎಳೆಯ, ಬಿಳಿಯ, ಸೌಮ್ಯ ಮರ. ಬಿಳಿ ಉಳಿಯಬೇಕಾದರೆ ಕಡಿದ ಮೇಲೆ ತಡಮಾಡದೆ ತೊಗಟೆ ತೆಗೆದು ಒಣಗಿಸಬೇಕು, ಇಲ್ಲದಿದ್ದರೆ ಕಪ್ಪು ನೀಲಿ ಕಲೆ ಬೀಳುತ್ತದೆ. ಹಾಗೆ ಎರಡು ಮೂರು ತಿಂಗಳು ನೆರಳಲ್ಲಿ ಒಣಗಿಸಿದ್ದು ಅಲ್ಲಿನ ಗಾಳಿಗೆ ಪಕ್ವ. ಇಲ್ಲಿನ ಗಾಳಿಗೆ ಅದು ಇನ್ನೂ ಹಸಿ.

ಇದಕ್ಕೆ ಪರಿಹಾರ ಹುಡುಕಿದ್ದು ಯಾವ ಸಂಸ್ಥೆಯೂ ಅಲ್ಲ, ಬಂದು ಹೋಗುತ್ತಿದ್ದ ಕುಶಲಕರ್ಮಿಗಳೇ. ಡಬ್ಬಿಯ ಹೊರಗೆ ಮಾತ್ರ ಅರಗು ಹಾಕಿ ಒಳಗೆ ಬರಿಮರ ಬಿಡುವುದು ಅಲ್ಲಿನ ಪದ್ಧತಿ. ಅರಗು ಪಸೆಯನ್ನು ತಡೆಯುತ್ತದೆ. ಒಂದು ಮೈಗೆ ತಡೆಯಿದ್ದು ಇನ್ನೊಂದು ಮೈ ತೆರೆದಿದ್ದರೆ ಮರ ಒಂದೇ ಕಡೆಯಿಂದ ನೀರು ಬಿಟ್ಟು ತಿರುಚಿಕೊಳ್ಳುತ್ತದೆ. ಒಬ್ಬರು ಒಳಗೂ ತೆಳುವಾಗಿ ಅರಗು ಎಳೆದು, ತಾಳೆಗರಿಯಿಂದ ಉಜ್ಜಿ ತಂದರು. "ಖರ್ಚು ಜಾಸ್ತಿ ಸಾರ್, ಆದ್ರೆ ವಾಪಸ್ ತಂದು ಮುಖಕ್ಕೆ ಎಸೆಯೋರು ಕಮ್ಮಿ ಆದ್ರು" ಅಂದರು. ಇನ್ನೊಬ್ಬರು ದೆಹಲಿಯ ಮಾಲನ್ನೇ ಬೇರೆ ಕಟ್ಟಿಟ್ಟು, ಕಡೆಯುವ ಮೊದಲು ತುಂಡುಗಳನ್ನು ಅರಗು ಕಾಯಿಸುವ ಒಲೆಯ ಮೇಲಿನ ಅಟ್ಟದಲ್ಲಿ ಹೆಚ್ಚಿಗೆ ಒಂದು ತಿಂಗಳು ಇಡತೊಡಗಿದರು. ಸೀದಾ ಲೆಕ್ಕ: ಹೋಗುವ ಊರಿನ ಗಾಳಿಯನ್ನು ಇಲ್ಲೇ ಮಾಡಿಕೊಡುವುದು.

ದೊಡ್ಡ ರಫ್ತುದಾರರೂ ಬಂದು ಮುಟ್ಟಿದ್ದು ಇದೇ ಜಾಗಕ್ಕೆ. ಗ್ರೇಟರ್ ನೋಯ್ಡಾದ ಎಕ್ಸ್‌ಪೋ ಮಾರ್ಟಿನಲ್ಲಿ ವಿದೇಶದ ಖರೀದಿದಾರರು ಮಾವಿನ ಮರದ ಬಟ್ಟಲು ಕೈಗೆತ್ತಿಕೊಂಡು ಮೊದಲು ಮೀಟರು ಚುಚ್ಚುತ್ತಾರೆ. ಚಳಿದೇಶಗಳ ಬಿಸಿ ಹಾಯಿಸಿದ ಮನೆಗಳಲ್ಲಿ ಗಾಳಿ ಬಹಳ ಒಣ. ಅಲ್ಲಿಗೆ ಎಂಟರ ಆಸುಪಾಸು ಬೇಕು. ಇಲ್ಲಿನ ಆಗಸ್ಟಿನಲ್ಲಿ ಎಂಟಕ್ಕೆ ಇಳಿಸಿ ಗೋದಾಮಿನಲ್ಲಿಟ್ಟರೆ ಹದಿನೈದು ದಿನದಲ್ಲಿ ಮತ್ತೆ ಹತ್ತು ಹನ್ನೆರಡು. ಕುಲುಮೆಯಿಂದ ತೆಗೆದ ದಿನವೇ ಪ್ಲಾಸ್ಟಿಕ್ ಸುತ್ತಿ ಕಟ್ಟುವವರು ಉಳಿದುಕೊಂಡರು. ಶೀಶಮ್ಮಿಗೆ ಇನ್ನೊಂದು ಗಂಟು ಬಿತ್ತು. 2017ರ ಜನವರಿಯಿಂದ ಅದು ಸೇರಿದ ಡಾಲ್ಬರ್ಜಿಯಾ ಕುಲದ ಮರಗಳೆಲ್ಲ ಅಳಿವಿನ ಭಯದ ಜೀವಿಗಳ ವ್ಯಾಪಾರವನ್ನು ಬಿಗಿಮಾಡುವ ಸೈಟಿಸ್ ಒಪ್ಪಂದದ ಪಟ್ಟಿಗೆ ಸೇರಿ, ಪ್ರತಿ ರವಾನೆಗೂ ಕಾಗದಪತ್ರ ಬೇಕಾಯಿತು. 2022ರ ನವೆಂಬರಿನಲ್ಲಿ ಪನಾಮಾ ಸಭೆಯಲ್ಲಿ ಭಾರತದ ಕರಕುಶಲಗಾರರಿಗೆ ಅದರಿಂದ ಸ್ವಲ್ಪ ವಿನಾಯಿತಿ ಸಿಕ್ಕಿತು. ಅಷ್ಟು ಹೊತ್ತಿಗೆ ಎಷ್ಟೋ ಲೇತುಗಳು ಶೀಶಮ್ ಬಿಟ್ಟು ಮಾವಿಗೆ ತಿರುಗಿದ್ದವು. ಮಾವು ಬೇಗ ಒಣಗುತ್ತದೆ, ಅಷ್ಟೇ ಬೇಗ ಹುಳು ಹಿಡಿಸಿಕೊಳ್ಳುತ್ತದೆ. ಹಸಿಯಲ್ಲೇ ಬೋರಾಕ್ಸ್ ನೀರು ಕುಡಿಸಿ ಆಮೇಲೆ ಕುಲುಮೆಗೆ ಹಾಕಬೇಕು.

2023ರ ಜನವರಿಯಿಂದ ರಾಜಧಾನಿ ವಲಯದ ಕಾರ್ಖಾನೆಗಳಲ್ಲಿ ಕಲ್ಲಿದ್ದಲು ಸುಡುವಂತಿಲ್ಲ. ಕಲ್ಲಿದ್ದಲ ಬಾಯ್ಲರಿನ ಪ್ಲಾಂಟುಗಳು ಗ್ಯಾಸಿಗೋ ಮರದ ಹೊಟ್ಟಿಗೋ ಬದಲಾಗಬೇಕಾಯಿತು, ಕೆಲವು ಬಾಗಿಲು ಹಾಕಿದವು. ನವೆಂಬರಿನ ಹೊಗೆಯನ್ನು ಮೂರು ದಶಕ ಉಸಿರಾಡಿದವನು ನಾನು, ಕಲ್ಲಿದ್ದಲು ಹೋದದ್ದಕ್ಕೆ ಅಳುವವನಲ್ಲ. ಆದರೆ ವರ್ಷದಲ್ಲಿ ಮೂರು ತಿಂಗಳು ಸುಮ್ಮನೆ ನೆರಳಲ್ಲಿಟ್ಟರೂ ಮರ ಒಣಗಿಸಿಕೊಡುವ ಗಾಳಿ ಬೀಸುವ ಊರಿನಲ್ಲಿ, ಒಣಗಿಸುವುದಕ್ಕೆ ಬೆಂಕಿಯೇ ಬೇಕು ಎಂದು ನಾವು ಯಾವಾಗ ಒಪ್ಪಿಕೊಂಡೆವೋ ಗೊತ್ತಾಗಲಿಲ್ಲ.

ಬೆಂಕಿಗೇ ಹೋಗುವ ಒಂದು ಮರದ ಮಾತನ್ನೂ ಇಲ್ಲೇ ಹೇಳಿಬಿಡಬೇಕು. ದೆಹಲಿಯ ರಿಜ್ ಕಾಡಿನ ತುಂಬ ಇರುವ ವಿಲಾಯತಿ ಕೀಕರ್ ನಮ್ಮ ಬಳ್ಳಾರಿ ಜಾಲಿಯೇ. ನೆಲದ ನೀರು ಹೀರುವ, ಬೇರೇನನ್ನೂ ಬೆಳೆಯಗೊಡದ ಪಿಡುಗೆಂದು ಅದನ್ನು ತೆಗೆಯುವ ಯೋಜನೆಗಳು ನಡೆಯುತ್ತಿವೆ, ಸರಿಯೇ. ಆದರೆ ಕಡೆಯುವವನಿಗೆ ಅದರಂಥ ಮರ ಅಪರೂಪ. ಒಣಗುವಾಗ ತೀರಾ ಕಡಿಮೆ ಕುಗ್ಗುತ್ತದೆ, ಸೊಟ್ಟಗಾಗುವುದಿಲ್ಲ, ಬಣ್ಣ ಕಂದುಗೆಂಪು. ಅಮೆರಿಕದ ಟೆಕ್ಸಾಸಿನಲ್ಲಿ ಅದರ ಅಣ್ಣತಮ್ಮಂದಿರ ಮರಕ್ಕೆ ಬಟ್ಟಲು ಕಡೆಯುವವರು ಮುಗಿಬೀಳುತ್ತಾರೆ. ನಾವು ಒಲೆಗೆ ಹಾಕುತ್ತೇವೆ. ನಿವೃತ್ತನಾದ ಮೇಲೆ ಗಾಜಿಯಾಬಾದಿನ ವಸುಂಧರಾದ ಫ್ಲಾಟಿನ ಬಾಲ್ಕನಿಯಲ್ಲಿ ಒಂದು ಚಿಕ್ಕ ಲೇತು ಹಾಕಿಕೊಂಡಿದ್ದೇನೆ, ಹೆಚ್ಚಾಗಿ ಕಡೆಯುವುದು ಸೌದೆ ಅಂಗಡಿಯಿಂದ ತಂದ ಈ ಜಾಲಿಯನ್ನೇ. ಅಡುಗೆಮನೆಯ ತಕ್ಕಡಿಯಲ್ಲಿ ವಾರಕ್ಕೊಮ್ಮೆ ತೂಗಿ ತಳದಲ್ಲಿ ಪೆನ್ಸಿಲಿನಿಂದ ಬರೆಯುತ್ತೇನೆ. ತೂಕ ಇಳಿಯುವುದು ನಿಂತರೆ ಎರಡನೆಯ ಸಲ ಕಡೆಯಬಹುದು. ಹೆಂಡತಿಗೆ ತಕ್ಕಡಿಯ ಮೇಲೆ ಮರದ ಪುಡಿ ಕಂಡರೆ ಆಗುವುದಿಲ್ಲ.

ಉಸ್ತಾದರ ಅಂಗಡಿ ಈಗಿಲ್ಲ. ಮಗ ಮೆಟ್ಟಿಲ ಕಟಾಂಜನಕ್ಕೆ ಸಿದ್ಧ ಗೂಟಗಳನ್ನು ಗುತ್ತಿಗೆ ಹಿಡಿದು ಹಾಕಿಸುತ್ತಾನೆ, ಕಂಪ್ಯೂಟರ್ ಲೇತಿನಲ್ಲಿ ಆದವು. ಫೋನಿನಲ್ಲಿ ಸಿಕ್ಕಾಗ ಈಗಲೂ ಮರದ ಮಾತೇ. ಹೊಸ ಗೂಟಗಳು ಒಂದರ ಪಡಿಯಚ್ಚು ಇನ್ನೊಂದು, ಅಪ್ಪನ ಕೈಯಲ್ಲಿ ಹಾಗೆ ಬರುತ್ತಿರಲಿಲ್ಲ ಎಂದು ಒಪ್ಪಿಕೊಳ್ಳುತ್ತಾನೆ. ಮಳೆಗಾಲದಲ್ಲಿ ಮಾತ್ರ ಕಟಾಂಜನ ಕೂರಿಸುವ ಗುತ್ತಿಗೆ ಹಿಡಿಯುವುದಿಲ್ಲವಂತೆ. ಕಂಪ್ಯೂಟರು ಎಷ್ಟು ಕರಾರುವಾಕ್ಕಾಗಿ ತೂತು ಕೊರೆದರೂ ಆಗಸ್ಟಿನ ತೂತು ಅಕ್ಟೋಬರಿನಲ್ಲಿ ಬೇರೆ ತೂತು.

ಹೋದ ಮಳೆಗಾಲದಲ್ಲಿ ದಿಲ್ಲಿ ಹಾಟಿನಲ್ಲಿ ಚನ್ನಪಟ್ಟಣದ ದಂಪತಿ ಮಳಿಗೆ ಹಾಕಿದ್ದರು. ಡಬ್ಬಿಗಳನ್ನೆಲ್ಲ ಮುಚ್ಚಳ ತೆಗೆದು ಪಕ್ಕದಲ್ಲಿಟ್ಟಿದ್ದರು. ಕೆಂಪು ಡಬ್ಬಿಯೊಂದಕ್ಕೆ ಯಾರೋ ಮುಚ್ಚಳ ಒತ್ತಿಬಿಟ್ಟಿದ್ದರು, ಅದು ಕಚ್ಚಿಕೊಂಡಿತ್ತು. ಗಿರಾಕಿ ಹೆಂಗಸೊಬ್ಬರು ಅದೇ ಬೇಕೆಂದು ಹಟ ಹಿಡಿದು ತಿರುಚತೊಡಗಿದರು. ಮಳಿಗೆಯ ತಾಯಿ ನನ್ನ ಕಡೆ ತಿರುಗಿ, "ಅಣ್ಣ, ಬಲವಂತ ಮಾಡಬೇಡಿ ಅಂತ ಹೇಳಿ. ದೀಪಾವಳಿ ಹೊತ್ತಿಗೆ ತಾನಾಗೇ ಬಿಡುತ್ತೆ, ಆಗ ತೆಗೀಲಿ" ಅಂದರು. ನಾನು ಹಿಂದಿಯಲ್ಲಿ ಹೇಳಿದೆ. ಗಿರಾಕಿ ನಮ್ಮಿಬ್ಬರನ್ನೂ ಒಮ್ಮೆ ನೋಡಿ, ಡಬ್ಬಿ ಅಲ್ಲೇ ಇಟ್ಟು, ಎರಡು ಬುಗುರಿ ಕೊಂಡು ಹೋದರು.